ಸ್ಟೇಜಿನ ಕಂಠ ಕ್ಯಾಮೆರಾ ಮುಂದೆ ನಿಲ್ಲುತ್ತದಾ? ಒಪೆರಾ ಗಾಯಕಿ ಕಿರಿ ಟೆ ಕನಾವಾ ಬಗ್ಗೆ ಗೊತ್ತಿದ್ದವರು ಹೇಳಿ

ಪೇಟಿ ಮಾಸ್ತರ ಮಗಳು, ಗದಗ

ಎಲ್ಲರಿಗೂ ನಮಸ್ಕಾರ. ಸ್ವಲ್ಪ ಉದ್ದ ಬರೆಯುತ್ತೇನೆ, ಓದಿ.

ನನ್ನ ಅಪ್ಪ ಕಂಪನಿ ನಾಟಕಗಳಲ್ಲಿ ಕಾಲುಪೇಟಿ, ಅಂದರೆ ಕಾಲಿನಿಂದ ಗಾಳಿ ಒತ್ತುವ ಹಾರ್ಮೋನಿಯಂ, ನುಡಿಸುತ್ತಿದ್ದರು. ನಾನು ಹನ್ನೊಂದು ವರ್ಷದಿಂದ ನಾಟಕದಲ್ಲಿ ಹಾಡುತ್ತಿದ್ದೇನೆ, ಪಾತ್ರವನ್ನೂ ಮಾಡುತ್ತೇನೆ. ಬನಶಂಕರಿ ಜಾತ್ರೆಯಲ್ಲಿ ಒಂದೇ ದಿನ ಎರಡೆರಡು ಆಟ ಮಾಡಿದ್ದೂ ಇದೆ. ಚಿಕ್ಕವಳಿದ್ದಾಗ ಅಪ್ಪ ನನ್ನನ್ನು ಖಾಲಿ ಥಿಯೇಟರಿನ ಸ್ಟೇಜ್ ಮೇಲೆ ನಿಲ್ಲಿಸಿ, ತಾವು ಹೋಗಿ ಕಟ್ಟಕಡೆಯ ಬೆಂಚಿನ ಹಿಂದೆ ತಗಡಿನ ಗೋಡೆಗೆ ಬೆನ್ನು ಕೊಟ್ಟು ಕೂರುತ್ತಿದ್ದರು. ಅಲ್ಲಿಂದ ಕೈ ಎತ್ತಿದರೆ ಪದ ಕೇಳಿತು ಅಂತ ಅರ್ಥ. ಎತ್ತದಿದ್ದರೆ ಮತ್ತೆ ಹಾಡಬೇಕು. ಮೈಕ್ ಇತ್ತು, ಆದರೆ ಅಪ್ಪ ಅದನ್ನು ಹಚ್ಚಲು ಬಿಡುತ್ತಿರಲಿಲ್ಲ.

ಹೋದ ತಿಂಗಳು ಒಂದು ಧಾರಾವಾಹಿಯವರು ಕರೆದರು. ನಾಟಕದಲ್ಲಿ ಹಾಡುವ ಹೆಂಗಸಿನ ಪಾತ್ರ, ಹಾಡೂ ನಾನೇ ಹಾಡಬೇಕು. ಖುಷಿಯಿಂದ ಹೋದೆ. ರೆಕಾರ್ಡಿಂಗ್ ರೂಮಿನಲ್ಲಿ ಮೊದಲ ಸಾಲು ಎತ್ತಿಕೊಂಡ ಕೂಡಲೇ ಗಾಜಿನ ಆಚೆ ಕುಳಿತಿದ್ದವರು ಹೆಡ್‌ಫೋನ್ ಕಿತ್ತು ಮೇಜಿನ ಮೇಲಿಟ್ಟರು. ‘ಇದು ಜಾತ್ರೆ ಅಲ್ಲ ಮೇಡಂ, ಕಿವಿಯಲ್ಲಿ ಹೇಳಿದ ಹಾಗೆ ಹಾಡಿ’ ಎಂದರು. ಮೆಲ್ಲಗೆ ಹಾಡಿದೆ. ಶ್ರುತಿ ಇಳಿಯಿತು. ಮತ್ತೆ ಹಾಡಿದೆ, ಮತ್ತೆ ಇಳಿಯಿತು. ಹನ್ನೊಂದು ವರ್ಷದಲ್ಲಿ ನನಗೆ ಯಾವತ್ತೂ ಶ್ರುತಿ ಬಿಟ್ಟಿರಲಿಲ್ಲ. ಮರುದಿನ ಶೂಟಿಂಗ್. ಅಲ್ಲಿ ಇನ್ನೊಬ್ಬರು, ‘ಬಾಯಿ ಅಷ್ಟು ತೆರೆಯಬೇಡಿ, ಕುತ್ತಿಗೆಯ ನರ ಕಾಣುತ್ತದೆ’ ಎಂದರು. ವಾಪಸ್ ಬರುವಾಗ ಬಸ್ಸಿನಲ್ಲಿ ಅಣ್ಣಿಗೇರಿವರೆಗೂ ಅತ್ತಿದ್ದೇನೆ.

ಆ ರಾತ್ರಿ ನಿದ್ದೆ ಬರಲಿಲ್ಲ, ಫೋನ್ ನೋಡುತ್ತಾ ಮಲಗಿದ್ದೆ. ಒಂದು ಹಳೇ ವಿಡಿಯೊ ಸಿಕ್ಕಿತು. ದೊಡ್ಡ ಚರ್ಚು, ರಾಜಮನೆತನದ ಮದುವೆ. ಬಣ್ಣಬಣ್ಣದ ಬಟ್ಟೆ, ತಲೆ ಮೇಲೆ ಟೋಪಿ ಹಾಕಿಕೊಂಡ ಹೆಂಗಸೊಬ್ಬರು ಹಾಡುತ್ತಿದ್ದಾರೆ, ಪಕ್ಕದಲ್ಲಿ ಕಹಳೆ. ಭಾಷೆ ನನಗೆ ತಿಳಿಯಲಿಲ್ಲ. ಆದರೆ ಕಹಳೆ ಏನು ಹೇಳುತ್ತದೋ ಅದನ್ನೇ ಅವರ ಗಂಟಲು ತಿರುಗಿ ಹೇಳುತ್ತಿತ್ತು. ಬಾಯಿ ಪೂರ್ತಿ ತೆರೆದಿದ್ದರು. ಕುತ್ತಿಗೆಯ ನರವೂ ಕಾಣುತ್ತಿತ್ತು. ಎಷ್ಟು ಚೆಂದ ಕಾಣುತ್ತಿದ್ದರು ಅಂದರೆ ನಾನು ಎದ್ದು ಕುಳಿತೆ.

ಹೆಸರು ಕಿರಿ ಟೆ ಕನಾವಾ, ಒಪೆರಾ ಸೊಪ್ರಾನೊ ಅಂತ ಕೆಳಗೆ ಬರೆದಿತ್ತು. ಪೂರ್ತಿ ಹಾಡಿನಲ್ಲೇ ನಡೆಯುವ ಪಶ್ಚಿಮದ ನಾಟಕಕ್ಕೆ ಒಪೆರಾ ಅಂತಾರಂತೆ, ಅದರಲ್ಲಿ ಎಲ್ಲಕ್ಕಿಂತ ಎತ್ತರದ ಹೆಣ್ಣು ಕಂಠಕ್ಕೆ ಸೊಪ್ರಾನೊ. ಸಿನಿಮಾ, ಟಿವಿ ಎರಡರಲ್ಲೂ ಇದ್ದಾರಂತೆ. ನನ್ನ ಪ್ರಶ್ನೆ ಇಷ್ಟೇ. ಸ್ಟೇಜಿಗೆ ಅಂತ ಕಟ್ಟಿದ ಕಂಠವನ್ನು ಅವರು ಮೂರೂ ಕಡೆ ಹೇಗೆ ನಿಭಾಯಿಸಿದರು? ಕಂಠ ಬದಲಾಯಿಸಿಕೊಂಡರಾ? ನಾನು ಬದಲಾಯಿಸಿಕೊಳ್ಳಬೇಕಾ?

ಸಾಧನಕೇರಿ ಕೇಳುಗ, ಧಾರವಾಡ

ಅಕ್ಕಾ, ನೀವು ನೋಡಿದ್ದು 1981ರ ಜುಲೈ 29, ಲಂಡನ್ನಿನ ಸೇಂಟ್ ಪಾಲ್ಸ್ ಚರ್ಚು, ಚಾರ್ಲ್ಸ್ ಮತ್ತು ಡಯಾನಾ ಮದುವೆ. ಹಾಡು ಹ್ಯಾಂಡೆಲ್ ಅನ್ನುವ ಹಳೆಯ ಸಂಗೀತಗಾರನದು. ಅವತ್ತು ಟಿವಿಯಲ್ಲಿ ನೋಡಿದವರು 60 ಕೋಟಿಗೂ ಜಾಸ್ತಿ ಅಂತ ಅಂದಾಜು. ಅಲ್ಲಿಯವರೆಗೆ ಒಪೆರಾ ಹಾಡುವವರನ್ನು ಅಷ್ಟು ಜನ ಒಂದೇ ಸಲ ಕೇಳಿರಲಿಲ್ಲ. ಮರುವರ್ಷ ಅವರಿಗೆ ‘ಡೇಮ್’ ಬಿರುದು ಬಂತು, ಗಂಡಸರಿಗೆ ‘ಸರ್’ ಕೊಡುತ್ತಾರಲ್ಲಾ ಹಾಗೆ.

ನಾನು ಹಿಂದೂಸ್ತಾನಿ ಕೇಳಿ ಬೆಳೆದವನು. ಆದರೆ ಕಾಲೇಜಿನಲ್ಲಿದ್ದಾಗ ಗೆಳೆಯನೊಬ್ಬ ಕೊಟ್ಟ ಕ್ಯಾಸೆಟ್ಟಿನಿಂದ ಕಿರಿ ಅವರ ಹುಚ್ಚು ಹಿಡಿಯಿತು. ಹಾಗಾಗಿ ಅವರ ಕಥೆ ಗೊತ್ತು.

ಅವರು ನ್ಯೂಜಿಲೆಂಡಿನವರು. ಹುಟ್ಟಿದ್ದು 1944ರಲ್ಲಿ, ಗಿಸ್ಬೋರ್ನ್ ಅನ್ನುವ ಸಣ್ಣ ಊರು. ಅಲ್ಲಿನ ಮೂಲನಿವಾಸಿಗಳಾದ ಮಾವೊರಿ ರಕ್ತ. ಕೂಸಿದ್ದಾಗಲೇ ದತ್ತು ಹೋದವರು. ಸಾಕಿದ ತಂದೆಯೂ ಮಾವೊರಿ. ಆಕ್ಲೆಂಡಿನ ಕಾನ್ವೆಂಟಿನಲ್ಲಿ ಸಿಸ್ಟರ್ ಮೇರಿ ಲಿಯೊ ಅನ್ನುವ ಸನ್ಯಾಸಿನಿ ಅವರಿಗೆ ಹಾಡು ಕಲಿಸಿದರು. ಆಗ ಅವರು ಮದುವೆ ಮನೆಗಳಲ್ಲಿ, ಕ್ಲಬ್ಬುಗಳಲ್ಲಿ ಜನಪ್ರಿಯ ಹಾಡು ಹಾಡುತ್ತಿದ್ದರು. ನಿಮಗೆ ಮುಖ್ಯವಾದದ್ದು ಇದು: ಅವರು ಒಪೆರಾ ಸ್ಟೇಜಿನಲ್ಲಿ ಹೆಸರು ಮಾಡುವ ಮೊದಲೇ ಸಿನಿಮಾದಲ್ಲಿ ಕಾಣಿಸಿಕೊಂಡಿದ್ದರು. 1964ರಲ್ಲಿ ಒಂದು, 1966ರಲ್ಲಿ ಇನ್ನೊಂದು, ಎರಡೂ ನ್ಯೂಜಿಲೆಂಡಿನಲ್ಲೇ ತಯಾರಾದ ಚಿತ್ರಗಳು. ಅಂದರೆ ಕ್ಯಾಮೆರಾ ಅವರಿಗೆ ಹೊಸದಲ್ಲ.

1966ರಲ್ಲಿ ಲಂಡನ್ನಿಗೆ ಹೋದರು. ಅಲ್ಲಿವರೆಗೆ ಅವರನ್ನು ಮೆಜೊ ಅಂತಲೇ ಬೆಳೆಸಿದ್ದರು, ಅಂದರೆ ಸೊಪ್ರಾನೊಗಿಂತ ಒಂದು ಮೆಟ್ಟಿಲು ಕೆಳಗಿನ ಹೆಣ್ಣು ಕಂಠ. ಲಂಡನ್ನಿನಲ್ಲಿ, ಇಲ್ಲ, ಈ ಕಂಠದ ಮನೆ ಮೇಲಿದೆ ಅಂತ ಗುರುತಿಸಿದರು. ನಮ್ಮ ಕಡೆ ಕಾಳಿ ಎರಡರಲ್ಲಿ, ಅಂದರೆ ಪೇಟಿಯ ಎರಡನೇ ಕರಿ ಮನೆಯ ಶ್ರುತಿಯಲ್ಲಿ, ಹಾಡುತ್ತಿದ್ದ ಹುಡುಗಿಗೆ ನಿನ್ನ ಶ್ರುತಿ ಕಾಳಿ ನಾಲ್ಕು ಅಂತ ಗುರುಗಳು ಹೇಳಿದ ಹಾಗೆ. ಪೂರ್ತಿ ಸರಿಯಾದ ಹೋಲಿಕೆ ಅಲ್ಲ, ಆದರೆ ಹತ್ತಿರ ಹತ್ತಿರ. ವೇರಾ ರೋಜಾ ಅನ್ನುವ ಗುರು ಸಿಕ್ಕಿದರು. ವರ್ಷಗಟ್ಟಲೆ ತಿದ್ದಿದರು.

1971ರ ಡಿಸೆಂಬರ್ 1. ಲಂಡನ್ನಿನ ಕೊವೆಂಟ್ ಗಾರ್ಡನ್ ಒಪೆರಾ ಥಿಯೇಟರು. ಮೊಜಾರ್ಟನ ‘ಫಿಗರೊನ ಮದುವೆ’ಯಲ್ಲಿ ಕೌಂಟೆಸ್ ಪಾತ್ರ. ಆ ಪಾತ್ರ ಮೊದಲ ಅಂಕದಲ್ಲಿ ಬರುವುದೇ ಇಲ್ಲ. ಎರಡನೇ ಅಂಕದ ಪರದೆ ಎದ್ದಾಗ ಒಬ್ಬಳೇ ಇರುತ್ತಾಳೆ, ಗಂಡನ ಪ್ರೀತಿ ಹೋಗಿದೆ ಅಂತ ನಿಧಾನವಾಗಿ ಹಾಡಬೇಕು. ಓಡಾಟ ಇಲ್ಲ, ಗಂಟಲು ಕಾಯಿಸಿಕೊಳ್ಳಲು ಸಣ್ಣ ಹಾಡು ಇಲ್ಲ. ಬಂದ ಕೂಡಲೇ ಉದ್ದ ಉಸಿರು. ಎರಡು ಸಾವಿರಕ್ಕೂ ಜಾಸ್ತಿ ಜನ, ಕೆಳಗೆ ವಾದ್ಯಮೇಳ, ಮೈಕ್ ಇಲ್ಲ. ಒಂದೇ ರಾತ್ರಿಯಲ್ಲಿ ಹೆಸರಾಯಿತು ಅಂತಾರೆ. ಆದರೆ ಅಷ್ಟರಲ್ಲಿ ಲಂಡನ್ನಿಗೆ ಬಂದು ಐದು ವರ್ಷ ಆಗಿತ್ತು.

1974ರ ಫೆಬ್ರವರಿಯಲ್ಲಿ ನ್ಯೂಯಾರ್ಕಿನ ಮೆಟ್ರೊಪಾಲಿಟನ್ ಒಪೆರಾ. ಅಲ್ಲಿ 3,800ರಷ್ಟು ಜನ ಹಿಡಿಯುತ್ತಾರೆ. ವರ್ಡಿಯ ‘ಒಥೆಲೊ’. ನಾಯಕಿ ಡೆಸ್ಡಿಮೋನಾ ಆಗಬೇಕಿದ್ದ ತೆರೇಸಾ ಸ್ಟ್ರಾಟಾಸ್‌ಗೆ ಹುಷಾರು ತಪ್ಪಿತು. ಕಿರಿ ಅವರ ಸರದಿ ಇನ್ನೂ ಮುಂದಿತ್ತು. ಮೂರೇ ಗಂಟೆ ಮೊದಲು ಕರೆ ಬಂತು. ಶನಿವಾರ ಮಧ್ಯಾಹ್ನದ ಆಟ, ರೇಡಿಯೊದಲ್ಲಿ ನೇರ ಪ್ರಸಾರ ಬೇರೆ. ಹೋದರು, ಹಾಡಿದರು. ಕಂಪನಿ ನಾಟಕದಲ್ಲಿ ನಾಯಕಿ ಜ್ವರ ಬಂದು ಮಲಗಿದರೆ ಪಾತ್ರ ಬಾಯಿಪಾಠ ಇದ್ದವಳು ಬಣ್ಣ ಹಚ್ಚಿಕೊಳ್ಳುತ್ತಾಳಲ್ವಾ, ಅದು ನಿಮಗೆ ಹೇಳಿಕೊಡಬೇಕಾಗಿಲ್ಲ.

ಸಿನಿಮಾ, ಟಿವಿ ಬಗ್ಗೆ ನಾಳೆ ಬರೆಯುತ್ತೇನೆ, ಈಗ ಕರೆಂಟು ಹೋಗುವ ಲಕ್ಷಣ ಇದೆ, ಹೊರಗೆ ಮಳೆ.

ಧ್ವನಿ ಕೆಲಸದವನು, ಹುಬ್ಬಳ್ಳಿ

ನಾನು ಇಪ್ಪತ್ತು ವರ್ಷದಿಂದ ರೆಕಾರ್ಡಿಂಗ್ ಮಾಡುತ್ತಿದ್ದೇನೆ. ಭಜನೆ, ಜಾನಪದ, ಖಯಾಲ್ ಎಲ್ಲ. ನಿಮಗೆ ಆದದ್ದು ಓದಿ ಸಂಕಟ ಆಯಿತು. ಆ ರೂಮಿನಲ್ಲಿ ತಪ್ಪಿದ್ದು ಮೈಕ್ ಇಟ್ಟ ಜಾಗ. ಅದರ ತಪ್ಪನ್ನು ನಿಮ್ಮ ಗಂಟಲಿನ ಮೇಲೆ ಹಾಕಿದ್ದಾರೆ.

ಈಗಿನ ಮೈಕ್ ಬಾಯಿಂದ ಒಂದು ಗೇಣು ದೂರ ಇಡುತ್ತಾರೆ. ಸಿನಿಮಾ ಹಾಡಿನ ಕಂಠಕ್ಕೆ ಅದು ಸರಿ. ನಿಮ್ಮಂಥ ಕಂಠಕ್ಕೆ ಮೈಕ್ ಹಿಂದೆ ಸರಿಯಬೇಕು. ಒಂದು ಅಡಿಯಿಂದ ಎರಡು ಅಡಿಗೆ ಸರಿಸಿದರೆ ನೇರ ಬರುವ ಸದ್ದು 6 ಡೆಸಿಬಲ್ (ಸದ್ದಿನ ಅಳತೆ) ಇಳಿಯುತ್ತದೆ. ನಾಲ್ಕು ಅಡಿಗೆ ಹೋದರೆ 12. ನೀವು ಏನೂ ಬದಲಾಯಿಸದೆ ಅಷ್ಟು ಇಳಿಯುತ್ತದೆ. ಒಪೆರಾದವರ ರೆಕಾರ್ಡಿಂಗ್ ನೋಡಿ, ಹಾಡುವವರಿಂದ ಮೈಕ್ ಎಷ್ಟೋ ಅಡಿ ದೂರ ಇರುತ್ತದೆ. ರೂಮಿನ ಪ್ರತಿಧ್ವನಿಯೂ ಸ್ವಲ್ಪ ಸೇರಬೇಕು, ಆಗಲೇ ಆ ಕಂಠ ಮೈ ತುಂಬಿ ಕೇಳುವುದು.

ಮೆಲ್ಲಗೆ ಹಾಡಿದಾಗ ಶ್ರುತಿ ಯಾಕೆ ಇಳಿಯಿತು? ಕೊನೆಯ ಬೆಂಚಿಗೆ ಅಂತ ಅಭ್ಯಾಸ ಮಾಡಿದವರು ಸದ್ದು ಕಡಿಮೆ ಮಾಡಿ ಅಂದರೆ ಮೊದಲು ಉಸಿರನ್ನು ಕಡಿಮೆ ಮಾಡುತ್ತಾರೆ. ಉಸಿರಿನ ಆಧಾರ ಹೋಯಿತು, ಸ್ವರ ಕುಸಿಯಿತು. ಮೆಲ್ಲಗೆ ಹಾಡುವುದಕ್ಕೂ ಉಸಿರಿನ ಮೇಲೆ ಗಟ್ಟಿ ಹಿಡಿತ ಬೇಕು. ಅದು ಬೇರೆಯೇ ಸಾಧನೆ. ಒಂದು ಬೆಳಿಗ್ಗೆಯಲ್ಲಿ ಬಾ ಅಂದರೆ ಬರುವುದಿಲ್ಲ.

ಇನ್ನು ಬಾಯಿ ತೆರೆಯುವ ವಿಷಯ. ಸುಮ್ನೆ ಅಭಿನಯಕ್ಕೆ ತೆರೆಯುವುದಲ್ಲ ಅದು. ಸೊಪ್ರಾನೊಗಳು ಹಾಡುವ ಮೇಲಿನ ಸ್ವರ ಸೆಕೆಂಡಿಗೆ ಸಾವಿರ ಕಂಪನದವರೆಗೆ ಹೋಗುತ್ತದೆ. ನಮ್ಮ ಬಾಯಿ, ಗಂಟಲಿನ ಪೊಳ್ಳಿಗೂ ತನ್ನದೇ ಒಂದು ಗುಂಯ್ ಅನ್ನುವ ಸ್ವರ ಇರುತ್ತದೆ, ಬಿಂದಿಗೆಗೆ ಇರುತ್ತದಲ್ವಾ ಹಾಗೆ. ‘ಈ’ ಅಂದಾಗ ಅದು ಕೆಳಗಿರುತ್ತದೆ, ಸುಮಾರು 300 ಕಂಪನ. ‘ಆ’ ಅಂದು ದವಡೆ ಇಳಿಸಿದರೆ ಮೇಲೇರುತ್ತದೆ. ಹಾಡುವ ಸ್ವರ ಆ ಪೊಳ್ಳಿನ ಸ್ವರವನ್ನು ದಾಟಿ ಹೋದರೆ ಕಂಠ ಸೊರಗುತ್ತದೆ. ಅದಕ್ಕೇ ಸ್ವರ ಏರಿದಂತೆಲ್ಲಾ ದವಡೆ ಇಳಿಸುತ್ತಾ ಹೋಗುತ್ತಾರೆ. ಎರಡೂ ಒಂದಕ್ಕೊಂದು ಕೂಡಿದಾಗ ಹೆಚ್ಚು ಶ್ರಮ ಇಲ್ಲದೇ ಸದ್ದು ಹಾಲ್ ತುಂಬುತ್ತದೆ. ಇದಕ್ಕೆ ಕೊಡುವ ಬೆಲೆ ಏನೆಂದರೆ ಮಾತು ಮಸುಕಾಗುವುದು. ಮೇಲಿನ ಸ್ವರದಲ್ಲಿ ‘ಈ’, ‘ಊ’, ‘ಏ’ ಎಲ್ಲವೂ ‘ಆ’ ಥರ ಕೇಳುತ್ತವೆ. ಒಪೆರಾ ಹಾಡಿನ ಪದ ತಿಳಿಯುವುದಿಲ್ಲ ಅಂತ ಜನ ದೂರುವುದಕ್ಕೆ ಅರ್ಧ ಕಾರಣ ಇದು.

ಹಾಗಾಗಿ ಬಾಯಿ ತೆರೆಯಬೇಡಿ ಅನ್ನುವುದು ಪೇಟಿಗೆ ಗಾಳಿ ಕೊಡುವ ಭಾತೆ ಒತ್ತಬೇಡಿ ಅಂದ ಹಾಗೆ. ನಿಮ್ಮ ಅಪ್ಪನನ್ನು ಕೇಳಿ, ಅವರಿಗೆ ಗೊತ್ತಾಗುತ್ತದೆ.

ಮುಂಜಾನೆ ಓದು, ಹಾವೇರಿ

ಎಲ್ಲರೂ ಕಿರಿ ಅವರನ್ನು ಹೊಗಳುತ್ತಿದ್ದೀರಿ. ನನಗೂ ಅವರ ಮೊಜಾರ್ಟ್ ಇಷ್ಟ. ಆದರೆ ಎಲ್ಲ ಕಡೆ ಅದೇ ಕಂಠ ಸಲ್ಲುತ್ತದೆ ಅಂತ ಈ ತಂಗಿಗೆ ಹೇಳಬೇಡಿ.

1984ರಲ್ಲಿ ಅಮೆರಿಕದ ಸಂಗೀತಗಾರ ಬರ್ನ್‌ಸ್ಟೈನ್ ತಾವೇ ರಚಿಸಿದ ‘ವೆಸ್ಟ್ ಸೈಡ್ ಸ್ಟೋರಿ’ಯನ್ನು ಪೂರ್ತಿಯಾಗಿ ತಾವೇ ನಡೆಸಿ ರೆಕಾರ್ಡ್ ಮಾಡಿದರು. ನಾಯಕಿ ಮರಿಯಾ ಆಗಿ ಕಿರಿ ಹಾಡಿದರು, ನಾಯಕನಾಗಿ ಹೊಸೆ ಕರೇರಸ್. ರೆಕಾರ್ಡಿಂಗ್ ಹೇಗೆ ನಡೆಯಿತು ಅಂತ ಬಿಬಿಸಿ ಒಂದು ಸಾಕ್ಷ್ಯಚಿತ್ರವನ್ನೂ ಮಾಡಿತು, ಅದರಲ್ಲಿ ಬರ್ನ್‌ಸ್ಟೈನ್ ಕರೇರಸ್ ಮೇಲೆ ತಾಳ್ಮೆ ಕಳೆದುಕೊಳ್ಳುವುದು ನೋಡಿದರೆ ನೋಡುವವರ ಹೊಟ್ಟೆ ಕಿವುಚುತ್ತದೆ. ರೆಕಾರ್ಡು ಚೆನ್ನಾಗಿ ಮಾರಾಟವಾಯಿತು. ಆದರೆ ಮರಿಯಾ ನ್ಯೂಯಾರ್ಕಿನ ಬಡ ಬೀದಿಯ ಹುಡುಗಿ, ಪೋರ್ಟೊರಿಕೊದಿಂದ ಬಂದವಳು. ಬ್ರಾಡ್‌ವೇ, ಅಂದರೆ ನ್ಯೂಯಾರ್ಕಿನ ವೃತ್ತಿ ರಂಗಭೂಮಿಯ ಹಾಡು-ನಾಟಕ ಅದು, ಎಳೆಯ ಸಾದಾ ಕಂಠಕ್ಕೆ ಬರೆದದ್ದು. ಕಿರಿ ಹಾಡಿದಾಗ ಅರಮನೆಯ ಹೆಣ್ಣು ಬೀದಿಗೆ ಬಂದ ಹಾಗೆ ಕೇಳುತ್ತದೆ. ಕಂಠ ಚೆಂದವೇ, ಆದರೆ ಪಾತ್ರಕ್ಕೆ ಅದು ಭಾರ.

ನಾನು ಹೈಸ್ಕೂಲಿನಲ್ಲಿ ಮಕ್ಕಳಿಗೆ ನಾಟಕ ಆಡಿಸುತ್ತೇನೆ. ರಂಗಗೀತೆ ಎತ್ತರದ ಶ್ರುತಿಯಲ್ಲಿ ಹಾಡುವ ಹುಡುಗಿ ಜೋಗುಳ ಹಾಡಲು ಕೂತರೆ ಕೂಸು ಎದ್ದು ಕೂರುತ್ತದೆ. ಅದು ಅವಳ ತಪ್ಪಲ್ಲ. ಆದರೆ ಜೋಗುಳಕ್ಕೆ ಬೇರೆ ದನಿ ಬೇಕು, ಅದನ್ನೂ ಕಲಿಯಬಹುದು. ತಂಗಿಯ ಧಾರಾವಾಹಿ ಪಾತ್ರ ನಾಟಕದ ಗಾಯಕಿಯದೇ ಆಗಿರುವುದರಿಂದ ಅವಳು ದೊಡ್ಡ ಕಂಠದಲ್ಲಿ ಹಾಡುವುದೇ ಸರಿ. ಮುಂದೆ ಬೇರೆ ಪಾತ್ರ ಬಂದರೆ ಏನು ಮಾಡುತ್ತಾಳೆ ಅಂತಲೂ ಯೋಚಿಸಬೇಕು.

ಪೇಟಿ ಮಾಸ್ತರ ಮಗಳು, ಗದಗ

ಹಾವೇರಿಯವರು ಹೇಳಿದ್ದು ನನಗೆ ತಾಗಿತು. ಒಳ್ಳೆಯ ಅರ್ಥದಲ್ಲೇ ಹೇಳುತ್ತಿದ್ದೇನೆ. ಕೂಸಿಗೆ ಜೋಗುಳ ಹಾಡುವಾಗ ನನ್ನ ಅಕ್ಕ ನಿಜವಾಗಿಯೂ ನನ್ನನ್ನು ಕೋಣೆಯಿಂದ ಹೊರಗೆ ಕಳಿಸುತ್ತಿದ್ದಳು.

ಭಾತೆಯ ಮಾತು ಅಪ್ಪನಿಗೆ ಓದಿ ಹೇಳಿದೆ. ಎರಡು ಸಲ ಓದಿಸಿಕೊಂಡರು.

ಸಾಧನಕೇರಿಯವರೇ, ಸಿನಿಮಾದಲ್ಲಿ ಕಿರಿ ಅವರು ಕ್ಯಾಮೆರಾ ಮುಂದೆ ನಿಜವಾಗಿ ಹಾಡುತ್ತಿದ್ದರಾ, ಇಲ್ಲಾ ನಮ್ಮವರ ಹಾಗೆ ಮೊದಲೇ ರೆಕಾರ್ಡ್ ಮಾಡಿ ತುಟಿ ಸೇರಿಸುತ್ತಿದ್ದರಾ?

ಸಾಧನಕೇರಿ ಕೇಳುಗ, ಧಾರವಾಡ

ತುಟಿ ಸೇರಿಸುವುದೇ. ಆದರೆ ತಮ್ಮದೇ ಕಂಠಕ್ಕೆ.

ಅವರ ಮುಖ್ಯ ಒಪೆರಾ ಸಿನಿಮಾ ಎರಡು. ಮೊದಲನೆಯದು ಅದೇ ‘ಫಿಗರೊನ ಮದುವೆ’, 1970ರ ದಶಕದ ನಡುವೆ ಪೊನೆಲ್ ಅನ್ನುವವರು ಮಾಡಿದ್ದು, ಕಾರ್ಲ್ ಬೋಮ್ ಸಂಗೀತ ನಡೆಸಿದ್ದರು. ಅದರಲ್ಲಿ ಒಂದು ಉಪಾಯ ಮಾಡಿದ್ದಾರೆ. ಪಾತ್ರ ಮನಸ್ಸಿನಲ್ಲೇ ಮಾತಾಡಿಕೊಳ್ಳುವ ಕೆಲವು ಕಡೆ ಹಾಡು ಕೇಳುತ್ತದೆ, ಆದರೆ ತುಟಿ ಅಲ್ಲಾಡುವುದಿಲ್ಲ. ಮುಖ ಸುಮ್ಮನಿರುತ್ತದೆ, ಒಳಗಿನಿಂದ ಹಾಡು ಬರುತ್ತದೆ. ಸ್ಟೇಜ್ ಮೇಲೆ ಇದು ಆಗದ ಮಾತು. ಸಿನಿಮಾಗೆ ಮಾತ್ರ ಸಿಕ್ಕಿದ ಸೌಲಭ್ಯ ಇದು, ನಿಮ್ಮ ಧಾರಾವಾಹಿಯವರಿಗೂ ತೋರಿಸಿ. ನರ ಕಾಣುತ್ತದೆ ಅನ್ನುವ ಭಯ ಅಷ್ಟಿದ್ದರೆ ಬಾಯಿ ಮುಚ್ಚಿಸಿಯೇ ಹಾಡು ಕೇಳಿಸಲಿ, ಅರ್ಧ ಬಾಯಿ ಬೇಡ.

ಎರಡನೆಯದು 1979ರ ‘ಡಾನ್ ಜೊವಾನಿ’. ಜೋಸೆಫ್ ಲೋಸಿ ನಿರ್ದೇಶನ. ಇಟಲಿಯ ವಿಚೆಂಜಾ ಸುತ್ತಮುತ್ತ ಪಲ್ಲಾಡಿಯೊ ಕಟ್ಟಿದ ಹಳೆಯ ಬಂಗಲೆಗಳಲ್ಲಿ ತೆಗೆದದ್ದು. ಕಿರಿ ಇದರಲ್ಲಿ ಡೋನಾ ಎಲ್ವಿರಾ, ಮೋಸ ಹೋದ ಹೆಂಗಸು, ಬಿಟ್ಟು ಹೋದವನನ್ನು ಊರೂರು ಹುಡುಕುತ್ತಾಳೆ. ಸಂಗೀತ ಮೊದಲೇ ಪ್ಯಾರಿಸ್ಸಿನಲ್ಲಿ ರೆಕಾರ್ಡ್ ಆಗಿತ್ತು. ಹಾಗಾಗಿ ಅವರು ಅದೇ ಹಾಡನ್ನು ಎರಡು ಸಲ ಬದುಕಬೇಕು. ಒಮ್ಮೆ ಕಂಠದಿಂದ, ಒಮ್ಮೆ ಮುಖದಿಂದ. ತಿಂಗಳುಗಳ ಹಿಂದೆ ಎಲ್ಲಿ ಉಸಿರು ತೆಗೆದುಕೊಂಡಿದ್ದರೋ ಅಲ್ಲೇ ಎದೆ ಏರಬೇಕು. ನೋಡುವವರ ಕಣ್ಣು ಉಸಿರಿನ ಸುಳ್ಳನ್ನು ಬೇಗ ಹಿಡಿಯುತ್ತದೆ. ತುಟಿಯ ಸುಳ್ಳಿಗಿಂತ ಬೇಗ.

ಟಿವಿ ಕಥೆ ಬೇರೆ. ಅಲ್ಲಿ ಜಾಸ್ತಿ ಬಂದದ್ದು ಥಿಯೇಟರಿನಲ್ಲಿ ಜನರ ಮುಂದೆ ನಡೆದ ಆಟವನ್ನೇ ಕ್ಯಾಮೆರಾ ಇಟ್ಟು ತೆಗೆದದ್ದು. 1985ರಲ್ಲಿ ಕೊವೆಂಟ್ ಗಾರ್ಡನ್‌ನಲ್ಲಿ ಸ್ಟ್ರಾಸ್‌ನ ‘ರೋಸೆನ್‌ಕವಲಿಯರ್’ ಹೀಗೆ ತೆಗೆದರು. ಅದರಲ್ಲಿ ಮಾರ್ಶಲಿನ್ ಅನ್ನುವ ದೊಡ್ಡ ಮನೆತನದ ಹೆಂಗಸು. ಒಂದು ಬೆಳಿಗ್ಗೆ ತಲೆ ಬಾಚಿಸಿಕೊಳ್ಳುತ್ತಾ ಕನ್ನಡಿ ನೋಡುತ್ತಾಳೆ. ಬಾಚುವವನಿಗೆ, ಇವತ್ತು ನನ್ನನ್ನು ಮುದುಕಿ ಮಾಡಿಬಿಟ್ಟೆಯಲ್ಲಾ ಅನ್ನುತ್ತಾಳೆ. ಅಷ್ಟೇ. ಆಮೇಲೆ ಎಲ್ಲರನ್ನೂ ಹೊರಗೆ ಕಳಿಸಿ ಒಬ್ಬಳೇ ಕೂತು, ಕಾಲ ಹೋಗುತ್ತಿದೆ ಅಂತ ಹಾಡಿಕೊಳ್ಳುತ್ತಾಳೆ. ಆ ಸ್ವರ ಮೇಲಿನ ಗ್ಯಾಲರಿಯಲ್ಲಿ ಕೂತವರಿಗೂ ಮುಟ್ಟಬೇಕು, ಕ್ಯಾಮೆರಾ ಮಾತ್ರ ಕಣ್ಣಿನ ಹತ್ತಿರವೇ ಇದೆ. ಕಿರಿ ಅಲ್ಲಿ ಮುಖಕ್ಕೆ ಹೆಚ್ಚು ಕೆಲಸ ಕೊಡುವುದಿಲ್ಲ. ದೂರ ಹೋಗುವ ಕೆಲಸ ಕಂಠದ್ದು, ಹತ್ತಿರದ ಕೆಲಸ ಕಣ್ಣಿನದು. ನಾನು ಎಷ್ಟು ಸಲ ನೋಡಿದ್ದೇನೋ. ಒಮ್ಮೆ ಅಮ್ಮ ಹಿಂದಿನಿಂದ ಬಂದು ನಿಂತು ಪೂರ್ತಿ ನೋಡಿದರು. ಭಾಷೆ ತಿಳಿಯದಿದ್ದರೂ, ‘ಪಾಪ, ವಯಸ್ಸಾಗ್ತಿದೆ ಅಂತ ಅಳ್ತಿದ್ದಾಳಲ್ವಾ’ ಎಂದರು.

ನಿಮ್ಮ ಮೊದಲ ಪ್ರಶ್ನೆಗೆ ನನ್ನ ಉತ್ತರ ಇದೇ. ಅವರು ಕಂಠ ಬದಲಾಯಿಸಲಿಲ್ಲ. ಕೇಳುವವರು ಎಷ್ಟು ದೂರ ಇದ್ದಾರೆ ಅಂತ ನೋಡಿ ಉಳಿದದ್ದನ್ನು ಬದಲಾಯಿಸಿದರು.

ಇನ್ನೊಂದು ವಿಷಯ. 1985ರ ‘ಎ ರೂಮ್ ವಿತ್ ಎ ವ್ಯೂ’ ಸಿನಿಮಾದಲ್ಲಿ ಅವರು ಕಾಣುವುದೇ ಇಲ್ಲ. ಪುಚ್ಚಿನಿ ಅನ್ನುವ ಇಟಲಿಯ ಒಪೆರಾ ಸಂಗೀತಗಾರನ ಹಾಡಿನಲ್ಲಿ ಅವರ ಕಂಠ ಮಾತ್ರ ಇದೆ. ನಿರ್ಮಾಪಕರು ಇಸ್ಮಾಯಿಲ್ ಮರ್ಚೆಂಟ್, ನಮ್ಮ ಮುಂಬೈಯವರು. ಒಪೆರಾ ಹಾಲ್ ಮೆಟ್ಟಿಲು ಹತ್ತದ ಎಷ್ಟೋ ಜನಕ್ಕೆ ಸೊಪ್ರಾನೊ ಅಂದರೆ ಆ ಹಾಡೇ. 2013ರಲ್ಲಿ, 69ನೇ ವಯಸ್ಸಿನಲ್ಲಿ, ‘ಡೌನ್‌ಟನ್ ಆಬಿ’ ಧಾರಾವಾಹಿಗೆ ಬಂದರು. ಅದರಲ್ಲಿ ಮಾಡಿದ್ದು ನೆಲ್ಲಿ ಮೆಲ್ಬಾ ಅನ್ನುವ ಹಳೆಯ ಸೊಪ್ರಾನೊ ಪಾತ್ರ. ಅಲ್ಲಿಯೂ ಅದೇ ಪುಚ್ಚಿನಿ ಹಾಡನ್ನು ಹಾಡಿದರು. ಅಂದರೆ ಧಾರಾವಾಹಿಯಲ್ಲಿ ಸ್ಟೇಜಿನ ಗಾಯಕಿಯ ಪಾತ್ರ. ಥೇಟ್ ನಿಮ್ಮ ಹಾಗೆ.

ಧ್ವನಿ ಕೆಲಸದವನು, ಹುಬ್ಬಳ್ಳಿ

ಮೆಲ್ಬಾ ಹೆಸರು ಬಂದದ್ದಕ್ಕೆ ಒಂದು ಮಾತು. 1920ರ ಜೂನ್ 15ರಂದು ಇಂಗ್ಲೆಂಡಿನ ಚೆಮ್ಸ್‌ಫರ್ಡ್‌ನಲ್ಲಿ ಮಾರ್ಕೋನಿ ಕಾರ್ಖಾನೆಯಿಂದ ರೇಡಿಯೊದಲ್ಲಿ ಹಾಡಿದವರು ಅವರು. ಗಾಳಿಯಲ್ಲಿ ಹೋದ ಮೊದಲ ದೊಡ್ಡ ಕಂಠಗಳಲ್ಲಿ ಒಂದು ಅದು. ಸ್ಟೇಜಿನಲ್ಲಿ ಬೆಳೆದ ಸೊಪ್ರಾನೊ, ಎದುರಿಗೆ ಕೇಳುಗರೇ ಇಲ್ಲ, ಒಂದು ಮೈಕ್ ಮಾತ್ರ. ಆ ಪಾತ್ರವನ್ನು ಕಿರಿ ಅವರಿಗೇ ಕೊಟ್ಟದ್ದು ನನಗೆ ಭಾಳ ಇಷ್ಟ ಆಯಿತು.

ಕುಂದಗೋಳ ಪ್ಯಾಸೆಂಜರ್

ನಿಮ್ಮ ಎಲ್ಲರ ಬರಹ ಓದಿದೆ. ನನಗೆ ಎಪ್ಪತ್ತಾರು ವರ್ಷ, ಟೈಪ್ ಮಾಡುವುದು ನಿಧಾನ. ಮೊಮ್ಮಗ ಸಹಾಯ ಮಾಡುತ್ತಿದ್ದಾನೆ.

ಒಪೆರಾ ನನಗೆ ತಿಳಿಯದು. ಆದರೆ ಕಂಠದ ವಿಷಯ ಬಂದಾಗ ಗಂಗೂಬಾಯಿ ಹಾನಗಲ್ ಅವರ ಹೆಸರು ಈ ಊರಿನವರು ಹೇಳದಿದ್ದರೆ ಹೇಗೆ. ಮೊದಲು ಅವರದು ತೆಳುವಾದ, ಎತ್ತರದ ಹೆಣ್ಣು ಕಂಠವೇ. ಹಳೆಯ ಪ್ಲೇಟು ಕೇಳಿದರೆ ತಿಳಿಯುತ್ತದೆ. ಆಮೇಲೆ ಟಾನ್ಸಿಲ್ ತೊಂದರೆ ಆಯಿತು, ಚಿಕಿತ್ಸೆ ಆಯಿತು, ದನಿ ಕೆಳಗಿಳಿಯಿತು. ಗಂಡಸಿನ ದನಿ ಅಂದರು ಜನ. ಅವರು ಅದನ್ನು ಮತ್ತೆ ಮೇಲೆತ್ತಲು ಹೋಗಲಿಲ್ಲ. ಇದ್ದ ದನಿಯಲ್ಲೇ ಸಾಧನೆ ಮಾಡಿದರು. ಹುಬ್ಬಳ್ಳಿಯಿಂದ ಇಲ್ಲಿಗೆ ರೈಲಿನಲ್ಲಿ ಬಂದು ಸವಾಯಿ ಗಂಧರ್ವರ ಹತ್ತಿರ ಕಲಿತು, ರಾತ್ರಿ ಮತ್ತೆ ರೈಲು ಹಿಡಿದು ಹೋಗುತ್ತಿದ್ದ ಕಥೆ ನಮ್ಮ ಮನೆಯಲ್ಲಿ ಹಿರಿಯರು ಹೇಳುತ್ತಿದ್ದರು. ಆ ಸವಾಯಿ ಗಂಧರ್ವರೂ ನಾಟಕದ ಮನುಷ್ಯರೇ, ಮರಾಠಿ ರಂಗಭೂಮಿಯಲ್ಲಿ ಸ್ತ್ರೀ ಪಾತ್ರ ಮಾಡಿದವರು.

ಸಿನಿಮಾಗೆ ಹೋದವರೂ ನಮ್ಮ ಕಡೆ ಇದ್ದಾರೆ. ಬೀಳಗಿಯ ಅಮೀರಬಾಯಿ ಕರ್ನಾಟಕಿ ಮುಂಬೈಗೆ ಹೋಗಿ 1943ರ ‘ಕಿಸ್ಮತ್’ ಸಿನಿಮಾಕ್ಕೆ ಹಾಡಿದರು, ದೇಶವೆಲ್ಲ ಕೇಳಿತು. ಅವರ ಅಕ್ಕ ಗೋಹರಬಾಯಿ ಮರಾಠಿ ರಂಗಭೂಮಿಯ ಬಾಲಗಂಧರ್ವರ ಜೊತೆ ನಾಟಕದಲ್ಲಿ ಉಳಿದರು. ಒಂದೇ ಮನೆ, ಎರಡು ದಾರಿ. ಮಗಳೇ, ನಿನ್ನನ್ನು ಯಾರೂ ಒಂದೇ ದಾರಿ ಹಿಡಿ ಅಂತ ಒತ್ತಾಯ ಮಾಡುವ ಹಾಗಿಲ್ಲ.

ನಿಮ್ಮ ಕಿರಿ ಅವರು ಈಗಲೂ ಹಾಡುತ್ತಾರಾ?

ಸಾಧನಕೇರಿ ಕೇಳುಗ, ಧಾರವಾಡ

ಇಲ್ಲ ಅಜ್ಜಾ. ಕೊನೆಯ ಕಾರ್ಯಕ್ರಮ 2016ರಲ್ಲಿ ಆಸ್ಟ್ರೇಲಿಯಾದ ಬಲರಾಟ್‌ನಲ್ಲಿ. ಹೇಳಿಕೊಳ್ಳದೇ ನಿಲ್ಲಿಸಿದರು. ನಿಲ್ಲಿಸಿದ್ದು ಜನಕ್ಕೆ ಗೊತ್ತಾದದ್ದೇ 2017ರಲ್ಲಿ. ಈಗ ತಮ್ಮ ಹಳೆಯ ಹಾಡು ತಾವೇ ಕೇಳುವುದಿಲ್ಲವಂತೆ. ಎಳೆಯರಿಗೆ ಕಲಿಸುವಾಗ ಅವರ ಹೊಸ ಕಂಠದ ಪಕ್ಕ ತಮ್ಮ ಕಂಠ ಇಡಲು ಇಷ್ಟವಿಲ್ಲ ಅಂತ ಹೇಳಿದ್ದಾರೆ.

ಪೇಟಿ ಮಾಸ್ತರ ಮಗಳು, ಗದಗ

ಹನ್ನೆರಡು ದಿನ ಬರೆಯಲಾಗಲಿಲ್ಲ, ಕ್ಷಮಿಸಿ. ಏನಾಯಿತು ಅಂತ ಹೇಳುತ್ತೇನೆ.

ಹುಬ್ಬಳ್ಳಿಯವರು ಹೇಳಿದ್ದನ್ನು ಹಿತ್ತಲಲ್ಲಿ ಮಾಡಿ ನೋಡಿದೆವು. ಅಪ್ಪ ಸೀಮೆಸುಣ್ಣದಿಂದ ನೆಲದ ಮೇಲೆ ಗೆರೆ ಹಾಕಿದರು. ಒಂದು ಅಡಿ, ಎರಡು, ನಾಲ್ಕು, ಎಂಟು. ಸ್ಟೂಲ್ ಮೇಲೆ ಫೋನ್ ಇಟ್ಟು ಒಂದೊಂದು ಗೆರೆ ಮೇಲೆ ನಿಂತು ಅದೇ ಸಾಲು ಅದೇ ಕಂಠದಲ್ಲಿ ಹಾಡಿದೆ. ಒಂದು ಅಡಿಯದು ಕಿವಿಗೆ ಚುಚ್ಚಿದ ಹಾಗಿತ್ತು, ಆ ರೂಮಿನವರು ಹೆಡ್‌ಫೋನ್ ಯಾಕೆ ಕಿತ್ತರು ಅಂತ ನನಗೂ ತಿಳಿಯಿತು. ನಾಲ್ಕು ಅಡಿಯದರಲ್ಲಿ ಮೊದಲ ಸಲ ನನ್ನ ದನಿ ನನ್ನದೇ ಅಂತ ಕೇಳಿತು. ಇಷ್ಟು ವರ್ಷ ಹಾಡಿದರೂ ನನ್ನ ದನಿ ಹೊರಗೆ ಹೇಗಿದೆ ಅಂತ ನಾನು ಕೇಳಿರಲಿಲ್ಲ. ಕೇಳಿದವರು ಅಪ್ಪ ಮಾತ್ರ.

ಮತ್ತೆ ರೆಕಾರ್ಡಿಂಗಿಗೆ ಕರೆದಾಗ ಅಪ್ಪನನ್ನೂ ಕರೆದುಕೊಂಡು ಹೋದೆ. ಮೈಕ್ ನಾಲ್ಕು ಅಡಿ ಹಿಂದೆ ಇಡಿ ಅಂತ ಕೇಳಿದೆ. ಮೊದಲು ಆಗುವುದಿಲ್ಲ ಎಂದರು. ಒಂದೇ ಒಂದು ಸಲ ಮಾಡಿ ನೋಡಿ, ಆಮೇಲೆ ನೀವು ಹೇಳಿದ ಹಾಗೆ ಹಾಡುತ್ತೇನೆ ಎಂದೆ. ಇಟ್ಟರು. ಎರಡು ಹಾಡು ಒಂದೇ ಟೇಕಿನಲ್ಲಿ ಆದವು. ಮೂರನೆಯದು ಮಗಳನ್ನು ಮಲಗಿಸುವ ದೃಶ್ಯದ ಹಾಡು. ಅದು ನನ್ನಿಂದ ಆಗಲಿಲ್ಲ. ಹಾವೇರಿಯವರ ಮಾತು ನೆನಪಾಯಿತು. ಅದನ್ನು ಬೇರೆ ಹುಡುಗಿ ಹಾಡಿದಳು, ಬಹಳ ಚೆನ್ನಾಗಿ ಹಾಡಿದಳು. ನಾನು ಅವಳ ಉಸಿರು ನೋಡಿಕೊಂಡು ತುಟಿ ಸೇರಿಸಿದೆ. ಮೆಲ್ಲಗೆ ಹಾಡುವುದನ್ನು ಈಗ ದಿನಾ ಬೆಳಿಗ್ಗೆ ಅರ್ಧ ಗಂಟೆ ಕಲಿಯುತ್ತಿದ್ದೇನೆ.

ಶೂಟಿಂಗಿನಲ್ಲಿ ಬಾಯಿ ತೆರೆದೇ ಹಾಡಿದೆ. ಮೂರು ಶಾಟ್ ತೆಗೆದರು. ಎರಡರಲ್ಲಿ ಬಾಯಿ ಚಿಕ್ಕದು ಮಾಡಿಸಿದರು, ಒಂದನ್ನು ನನ್ನ ಹಾಗೆ ಬಿಟ್ಟರು. ಯಾವುದನ್ನು ಉಳಿಸಿಕೊಳ್ಳುತ್ತಾರೋ ನೋಡಬೇಕು.

ಅಪ್ಪನಿಗೆ ಕಿರಿ ಅವರ ಆ ಮದುವೆ ವಿಡಿಯೊ ತೋರಿಸಿದೆ. ಪೂರ್ತಿ ಮುಗಿಯುವವರೆಗೆ ಏನೂ ಮಾತಾಡಲಿಲ್ಲ. ಆಮೇಲೆ, ಆ ಚರ್ಚಿನಲ್ಲಿ ಕಟ್ಟಕಡೆಗೆ ಕೂತವರು ಎಷ್ಟು ದೂರ ಇದ್ದರು ಅಂತ ಕೇಳಿದರು. ಗೊತ್ತಿಲ್ಲ ಎಂದೆ. ವಿಡಿಯೊ ಮತ್ತೆ ಮೊದಲಿನಿಂದ ಹಾಕು ಎಂದರು. ಈ ಸಲ ಫೋನನ್ನು ನನ್ನ ಕೈಗೆ ಕೊಟ್ಟು, ಎದ್ದು ಹೋಗಿ ಪಡಸಾಲೆಯ ಆ ತುದಿಯಲ್ಲಿ ಗೋಡೆಗೆ ಬೆನ್ನು ಕೊಟ್ಟು ಕೂತರು. ಹಾಡು ಅರ್ಧಕ್ಕೆ ಬಂದಾಗ ಕೈ ಎತ್ತಿದರು.

ಶನಿವಾರ ಲಕ್ಷ್ಮೇಶ್ವರದಲ್ಲಿ ನಮ್ಮ ಆಟ ಇದೆ, ರಾತ್ರಿ ಹತ್ತಕ್ಕೆ. ಹತ್ತಿರ ಇದ್ದವರು ಬನ್ನಿ.